ರಸ್ತೆ ಗುಂಡಿ, ಕಾಯಿ ಚಟ್ನಿ ಮತ್ತು ಮಲಯಾಳಂ ಸಿನಿಮಾ

ಪ್ರಶ್ನೆ: ನನ್ನ ಮಗ ಮಲಯಾಳಂ ಸಿನಿಮಾ ಬಿಟ್ಟು ಬೇರೇನೂ ನೋಡುವುದಿಲ್ಲ. ನಾನೂ ಎರಡು ನೋಡಿದೆ. ಬರೀ ಮಳೆ, ಚಹಾ, ಮೀನು. ಕಥೆಯೇ ಮುಂದೆ ಹೋಗುವುದಿಲ್ಲ. ಇದು ಕೇರಳದ ಬದುಕಿನ ಕನ್ನಡಿ ಅಂತಾರಲ್ಲ, ನಿಜವಾ?
— ಓದುಗರೊಬ್ಬರು, ಸಕಲೇಶಪುರ

ಉತ್ತರ: ಸಕಲೇಶಪುರದವರು ದುಡ್ಡು ಕೊಟ್ಟು ಮಳೆ ನೋಡುವುದು ಕಷ್ಟವೇ ಬಿಡಿ. ಮೂಡಿಗೆರೆಯಲ್ಲಿ ಕೂತ ನನಗೂ ಹಾಗೇ ಅನಿಸಿತ್ತು.

ನನ್ನ ಮನಸ್ಸು ತಿರುಗಿದ್ದು 2022ರ ‘ನ್ನಾ ತಾನ್ ಕೇಸ್ ಕೊಡು’ ನೋಡಿದ ಮೇಲೆ. ಹಾಗಾದ್ರೆ ನೀನು ಕೇಸ್ ಹಾಕು ಅಂತ ಅರ್ಥ. ಒಬ್ಬ ಹಳೇ ಕಳ್ಳ. ರಸ್ತೆ ಗುಂಡಿಯ ದೆಸೆಯಿಂದ ಯಾರದೋ ಮನೆ ಗೋಡೆ ಹಾರಿ, ನಾಯಿಯಿಂದ ಕಚ್ಚಿಸಿಕೊಂಡು, ಸೀದಾ ಮಂತ್ರಿಯ ಮೇಲೆ ಕೇಸ್ ಹಾಕುತ್ತಾನೆ. ಮಾತೆಲ್ಲ ಕಾಸರಗೋಡು ಕಡೆಯದು. ಜಡ್ಜ್ ಆಗಿರುವುದು ಆ ಕಡೆಯವರೇ ಆದ ಒಬ್ಬ ನಿವೃತ್ತ ಮೇಷ್ಟ್ರು. ಅವರಿಗೆ ರಾಜ್ಯ ಪ್ರಶಸ್ತಿಯೂ ಬಂತು. ಒಂದು ಕಾಲಕ್ಕೆ ಅಲ್ಲೂ ಸಿನಿಮಾದ ‘ಒಳ್ಳೇ ಮಾತು’ ಅಂದರೆ ಹೆಚ್ಚಾಗಿ ಪಾಲಕ್ಕಾಡ್ ಕಡೆಯ ಒಟ್ಟಪಾಲಂ ಸುತ್ತಮುತ್ತಲಿನ ವಳ್ಳುವನಾಡಿನ ಮಾತು. ಕಾಸರಗೋಡಿನವನು ಬಾಯಿ ಬಿಟ್ಟರೆ ಜನ ನಗಬೇಕು, ಅಷ್ಟೇ. ಈಗ ಅದೇ ಮಾತಲ್ಲಿ ಕೋರ್ಟು ನಡೆಯುತ್ತಿದೆ. ನಮ್ಮ ಮಲೆನಾಡಿನ ಮಾತು ಕನ್ನಡ ಸಿನಿಮಾದಲ್ಲಿ ಎಷ್ಟು ಸಲ ಕೇಳಿದ್ದೀರಿ, ನೀವೇ ಹೇಳಿ.

ಆ ಕೇಸ್ ಸಿನಿಮಾದ ಪೋಸ್ಟರಿನಲ್ಲಿ, ಥಿಯೇಟರಿಗೆ ಬರುವ ದಾರಿಯಲ್ಲಿ ಗುಂಡಿ ಇದೆ, ಆದರೂ ಬನ್ನಿ ಅಂತ ಬರೆದಿದ್ದರು. ಆಗ ಅಲ್ಲಿ ಆಳುತ್ತಿದ್ದ ಪಕ್ಷದ ಕಡೆಯವರು ಸಿಟ್ಟಾಗಿ ದೊಡ್ಡ ಗಲಾಟೆಯೇ ಆಯಿತು. ಶಿರಾಡಿ ಘಾಟಿ ಇಳಿದು ಹತ್ತುವ ನಿಮಗೆ ಆ ಸಾಲಿನ ರುಚಿ ನಾನು ಹೇಳಬೇಕಿಲ್ಲ, ಅಲ್ವಾ?

ಕನ್ನಡಿ ಅನ್ನುವುದನ್ನು ಮಾತ್ರ ಪೂರ್ತಿ ಒಪ್ಪುವುದಿಲ್ಲ. ಹೀರೋ ಕೈ ಎತ್ತಿದರೆ ಹತ್ತು ಜನ ಹಾರುವ ಸಿನಿಮಾ ಅಲ್ಲೂ ಬೇಕಾದಷ್ಟಿವೆ. ನಿಮ್ಮ ಮಗನ ಮೊಬೈಲಿಗೆ ಬರುವುದು ಸೋಸಿದ್ದು.

ಸಿನಿಮಾ ಬದುಕನ್ನು ಬದಲಾಯಿಸುತ್ತದೆಯೇ ಅಂತ ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. 2021ರಲ್ಲಿ ‘ದಿ ಗ್ರೇಟ್ ಇಂಡಿಯನ್ ಕಿಚನ್’ ಬಂತು. ಅದರಲ್ಲಿ ಮಾವನಿಗೆ ಕುಕ್ಕರ್ ಅನ್ನ ಆಗದು, ಒಲೆ ಮೇಲೆ ಬೆಂದದ್ದೇ ಬೇಕು. ಮಿಕ್ಸಿ ಚಟ್ನಿ ಬೇಡ, ಕಲ್ಲಲ್ಲಿ ಅರೆದದ್ದೇ ಆಗಬೇಕು. ರೊಟ್ಟಿಗೆ ಒರಳಲ್ಲಿ ರುಬ್ಬಿದ ಕಾಯಿ ಚಟ್ನಿಯೇ ಸರಿ ಅಂತ ಮೂವತ್ತು ವರ್ಷ ಹೇಳಿಕೊಂಡು ಬಂದವನು ನಾನು. ಪಕ್ಕದಲ್ಲಿ ಕೂತು ನೋಡಿದ ಹೆಂಡತಿ ಸಿನಿಮಾ ಮುಗಿದ ಮೇಲೆ ಸುಮ್ನೆ ಎದ್ದು ಹೋಗಿ ಮಲಗಿದಳು. ಮಾರನೇ ದಿನ ಬೆಳಿಗ್ಗೆ ಅಡುಗೆಮನೆಯಿಂದ ಮಿಕ್ಸಿ ಸದ್ದು ಬಂತು. ನಾನು ತುಟಿ ಬಿಚ್ಚಲಿಲ್ಲ. ಚಟ್ನಿ ಚೆನ್ನಾಗೇ ಇತ್ತು.