ಕೈಯಲ್ಲಿರುವ ಗ್ಯಾರಂಟಿ ಯಾರಿಗೆ?

(ಆಡದವರಿಗೆ ಒಂದು ಮಾತು: ಗೆನ್ಶಿನ್ ಇಂಪ್ಯಾಕ್ಟ್ ಒಂದು ವಿಡಿಯೊ ಗೇಮ್. ಅದರ ಪಾತ್ರಗಳನ್ನು ಅದೃಷ್ಟದ ಚೀಟಿಯಂತೆ ಎಳೆಯಬೇಕು. ಒಂದು ಎಳೆತಕ್ಕೆ ವಿಶ್ ಅಥವಾ ಪುಲ್, ಒಂದು ಪಾತ್ರ ಸಿಗುವ ಸೀಮಿತ ಅವಧಿಯ ಎಳೆತಕ್ಕೆ ಬ್ಯಾನರ್, ಅದು ಮತ್ತೆ ಬಂದರೆ ರೀರನ್, ಅತಿ ಅಪರೂಪದ ಪಾತ್ರಕ್ಕೆ ಫೈವ್‌ಸ್ಟಾರ್ ಅನ್ನುತ್ತಾರೆ. ಪ್ರಿಮೊಜೆಮ್, ಫೇಟ್, ಸ್ಟಾರ್‌ಗ್ಲಿಟರ್ ಆಟದೊಳಗಿನ ಹಣದಂಥವು. ಅರ್ಲೆಕ್ಕಿನೊ, ಫುರೀನಾ, ಜೀನ್ ಆಟದ ಪಾತ್ರಗಳು.)

ಹಾಸನದ ಇಂಜಿನಿಯರಿಂಗ್ ವಿದ್ಯಾರ್ಥಿಯೊಬ್ಬರ ಪತ್ರ:

"ಮಾನ್ಯ ಸಂಪಾದಕರೇ, ಎರಡು ವರ್ಷದಿಂದ ಗೆನ್ಶಿನ್ ಇಂಪ್ಯಾಕ್ಟ್ ಆಡುತ್ತಿದ್ದೇನೆ. ಒಂದು ರೂಪಾಯಿಯನ್ನೂ ಹಾಕಿಲ್ಲ. ಈಗ ಅರ್ಲೆಕ್ಕಿನೊ ಬ್ಯಾನರ್ ಮುಗಿಯಲು ಒಂಬತ್ತು ದಿನ ಉಳಿದಿದೆ. ನನ್ನ ಹತ್ತಿರ 9,920 ಪ್ರಿಮೊಜೆಮ್, 3 ಇಂಟರ್‌ಟ್ವೈನ್ಡ್ ಫೇಟ್ ಮತ್ತು ಖರ್ಚು ಮಾಡದ 30 ಸ್ಟಾರ್‌ಗ್ಲಿಟರ್ ಇವೆ. ಹಿಂದಿನ ಕ್ಯಾರೆಕ್ಟರ್ ಬ್ಯಾನರಿನಲ್ಲಿ ಬೇಕಾದವರು ಬರದೆ ಜೀನ್ ಬಂದು ಕೂತಳು, ನನ್ನ ಹಣೆಬರಹ. ಆಮೇಲೆ 22 ವಿಶ್ ಮಾಡಿದರೂ ಫೈವ್‌ಸ್ಟಾರ್ ಬಂದಿಲ್ಲ. ನಿಜವಾಗಿ ಬೇಕಿರುವುದು ಫುರೀನಾ. ಅವಳ ರೀರನ್ ಯಾವಾಗಲೋ ಏನೋ. ಗೆಳೆಯರೆಲ್ಲ 'ಅರ್ಲೆಕ್ಕಿನೊ ಬಿಡಬೇಡ' ಅನ್ನುತ್ತಿದ್ದಾರೆ. ಈಗಲೇ ಪುಲ್ ಮಾಡಲೇ, ಕಾಯಲೇ? ಕಾದರೆ ಆ 22 ವಿಶ್ ದಂಡವೇ?"

ಸಂಪಾದಕರ ಉತ್ತರ:

ನಿಮ್ಮ ಪತ್ರದಲ್ಲಿ ಎಲ್ಲಕ್ಕಿಂತ ಬೆಲೆಬಾಳುವ ಮಾತನ್ನು ನೀವು ಹಣೆಬರಹ ಅಂತ ತಳ್ಳಿಹಾಕಿದ್ದೀರಿ. ಜೀನ್ ಬಂದಳು ಅಂದರೆ, ಬರುವ ಫೈವ್‌ಸ್ಟಾರ್ ಬ್ಯಾನರಿನ ಪಾತ್ರವೋ ಬೇರೆಯವರೋ ಅನ್ನುವ ಫಿಫ್ಟಿ-ಫಿಫ್ಟಿಯನ್ನು ನೀವು ಸೋತಿರಿ. ಸೋತಿರಿ ಅಂದರೆ ಮುಂದೆ ಕ್ಯಾರೆಕ್ಟರ್ ಬ್ಯಾನರಿನಲ್ಲಿ ಬರುವ ಫೈವ್‌ಸ್ಟಾರ್, ಆ ಬ್ಯಾನರಿನ ಪಾತ್ರವೇ ಆಗಿರಬೇಕು. ಗ್ಯಾರಂಟಿ ಅನ್ನುವುದು ಇದನ್ನೇ, ಇದು ಆಟದ ಲಿಖಿತ ನಿಯಮ. ಅದು ಈ ಬ್ಯಾನರಿಗೂ ಸಲ್ಲುತ್ತದೆ, ಆರು ತಿಂಗಳ ನಂತರದ ಬ್ಯಾನರಿಗೂ ಸಲ್ಲುತ್ತದೆ. ನಿಮ್ಮ 22 ವಿಶ್ ಕೂಡ ಎಲ್ಲಿಗೂ ಹೋಗುವುದಿಲ್ಲ. ಬ್ಯಾನರ್ ಬದಲಾದರೂ, ವರ್ಷನ್ ಬದಲಾದರೂ ಎಣಿಕೆ 22ರಿಂದಲೇ ಮುಂದುವರಿಯುತ್ತದೆ. ಆಯುಧದ ಬ್ಯಾನರಿಗೆ ಮಾತ್ರ ಅದು ದಾಟುವುದಿಲ್ಲ, ಅಲ್ಲಿನ ಲೆಕ್ಕದ ಪುಸ್ತಕವೇ ಬೇರೆ.

ಹಾಗಾಗಿ ಮೊದಲು ಮಾಡಬೇಕಾದ ಕೆಲಸ: ವಿಶ್ ಪುಟದಲ್ಲಿ ಹಿಸ್ಟರಿ ತೆರೆದು, ಪಟ್ಟಿಯಲ್ಲಿ ಕ್ಯಾರೆಕ್ಟರ್ ಈವೆಂಟ್ ವಿಶ್ ಆರಿಸಿ, ಜೀನ್ ಅಲ್ಲೇ ಇದ್ದಾಳೆಯೇ ನೋಡಿ. ಅವಳು ಯಾವಾಗಲೂ ತೆರೆದಿರುವ ಸ್ಟ್ಯಾಂಡರ್ಡ್ ಬ್ಯಾನರಿನಿಂದ ಬಂದಿದ್ದರೆ ಗ್ಯಾರಂಟಿ ಇಲ್ಲ, ನಾನು ಮುಂದೆ ಬರೆಯುವುದೆಲ್ಲ ತಲೆಕೆಳಗಾಗುತ್ತದೆ. ಅವಳ ನಂತರದ ವಿಶ್‌ಗಳನ್ನು ಬೆರಳಿಟ್ಟು ಎಣಿಸಿ. ಈಗಷ್ಟೇ ಮಾಡಿದ ವಿಶ್ ಪಟ್ಟಿಗೆ ಬರಲು ಸುಮಾರು ಒಂದು ಗಂಟೆ ಹಿಡಿಯುತ್ತದೆ, ಎಣಿಕೆ ತಪ್ಪುವುದು ಹೆಚ್ಚಾಗಿ ಅಲ್ಲೇ. ಹಳೆಯ ದಾಖಲೆಗಳು ಕಾಲಕ್ರಮೇಣ ಅಳಿಸಿಹೋಗುವುದರಿಂದ ನೋಟ್‌ಬುಕ್ಕಿನಲ್ಲಿ ಒಂದು ಸಾಲು ಬರೆದಿಡಿ: ದಿನಾಂಕ, ಎಣಿಕೆ, ಗ್ಯಾರಂಟಿ ಇದೆಯೋ ಇಲ್ಲವೋ.

ಈಗ ನಿಮ್ಮ ಜೇಬು ನೋಡೋಣ. ಒಂದು ವಿಶ್‌ಗೆ 160 ಪ್ರಿಮೊ. 9,920 ಅಂದರೆ 62 ವಿಶ್. ಫೇಟ್ 3 ಸೇರಿ 65. ಪೈಮಾನ್ ಅಂಗಡಿಯಲ್ಲಿ 5 ಸ್ಟಾರ್‌ಗ್ಲಿಟರಿಗೆ ಒಂದು ಫೇಟ್ ಸಿಗುತ್ತದೆ, 30ಕ್ಕೆ 6. ಒಟ್ಟು 71. ಕ್ಯಾರೆಕ್ಟರ್ ಬ್ಯಾನರಿನಲ್ಲಿ 90ನೇ ವಿಶ್‌ಗೆ ಫೈವ್‌ಸ್ಟಾರ್ ಬಂದೇ ತೀರಬೇಕು. ನೀವು 22ರಲ್ಲಿದ್ದೀರಿ, ಹೆಚ್ಚೆಂದರೆ ಇನ್ನು 68. ಅಂದರೆ ಇವತ್ತು ಸಂಜೆಯೇ ಕೂತರೂ ಅರ್ಲೆಕ್ಕಿನೊ ನಿಮ್ಮವಳು, ಅನುಮಾನವೇ ಇಲ್ಲ. ನಿಮ್ಮಂತೆ ದುಡ್ಡು ಹಾಕದೆ ಈ ಸ್ಥಿತಿಗೆ ತಂದಿಟ್ಟುಕೊಳ್ಳಲು ತಾಳ್ಮೆ ಬೇಕು, ಅದಕ್ಕೆ ಶಾಭಾಸ್.

ಆದರೆ ಅವಳನ್ನು ತಂದ ಮರುಕ್ಷಣ ನೀವು ಎಲ್ಲಿರುತ್ತೀರಿ? ಎಣಿಕೆ ಸೊನ್ನೆ, ಗ್ಯಾರಂಟಿ ಖರ್ಚು, ಪೂರ್ತಿ 68 ಹಿಡಿದರೆ ಕೈಯಲ್ಲಿ ಮೂರೇ ವಿಶ್. ಒಂದು ವರ್ಷನ್ ಆರು ವಾರ ಅಂದುಕೊಳ್ಳಿ. ಕಮಿಷನ್ ಅನ್ನುವ ದಿನದ ಚಿಕ್ಕ ಕೆಲಸಗಳಿಂದ 60 ಪ್ರಿಮೊದಂತೆ 42 ದಿನಕ್ಕೆ 2,520. ವರ್ಷನ್ ಬದಲಾಗುವಾಗಿನ ಮೇಂಟೆನೆನ್ಸ್ ಪರಿಹಾರ 600. ಲೈವ್‌ಸ್ಟ್ರೀಮ್ ಕೋಡ್ ಮೂರರಿಂದ 300, ಅವು ಬೇಗ ಸತ್ತುಹೋಗುತ್ತವೆ, ನೆನಪಿರಲಿ. ಇಷ್ಟು ಖಚಿತ, 21 ವಿಶ್. ತಿಂಗಳಿಗೊಮ್ಮೆ, ವಿಶ್ ಮಾಡಿದಾಗ ಸಿಗುವ ಸ್ಟಾರ್‌ಡಸ್ಟಿಗೆ 5 ಫೇಟ್ ಸಿಗುತ್ತವೆ. ಅಬಿಸ್, ಥಿಯೇಟರ್ ಅನ್ನುವ ಕಾದಾಟದ ಸವಾಲುಗಳು, ಈವೆಂಟ್‌ಗಳು, ಇವುಗಳದ್ದು ನೀವು ಎಷ್ಟು ಮುಗಿಸುತ್ತೀರೋ ಅಷ್ಟು. ಎಲ್ಲ ಸೇರಿ 60 ಆಯಿತು ಅನ್ನೋಣ. ಅಷ್ಟರಲ್ಲಿ ಫುರೀನಾ ಬಂದಳು ಅನ್ನೋಣ. ಒಂದೊಂದು ವಿಶ್‌ಗೆ ಇರುವ ಮೂಲ ಸಾಧ್ಯತೆ ಶೇ. 0.6. ಸೊನ್ನೆಯಿಂದ 60 ವಿಶ್ ಮಾಡಿದ 100 ಜನರಲ್ಲಿ ಫೈವ್‌ಸ್ಟಾರ್ ನೋಡುವವರು 30 ಮಂದಿ. ಅದರಲ್ಲಿ ಅರ್ಧ, ಇಲ್ಲವೇ ಅರ್ಧಕ್ಕಿಂತ ತುಸು ಹೆಚ್ಚು ಜನಕ್ಕೆ ಫುರೀನಾ. 5.0 ವರ್ಷನ್‌ನಲ್ಲಿ ಕ್ಯಾಪ್ಚರಿಂಗ್ ರೇಡಿಯನ್ಸ್ ಅನ್ನುವ ನಿಯಮ ಬಂದ ಮೇಲೆ ಅದು ಸರಾಸರಿ ಶೇ. 55. ಅಂದರೆ ನೂರಕ್ಕೆ 15–17 ಮಂದಿ. ಉಳಿದ 80ಕ್ಕೂ ಹೆಚ್ಚು ಜನ ಮತ್ತೆ ನಮಗೆ ಪತ್ರ ಬರೆಯಬೇಕು.

ಕಾದರೋ? 71ಕ್ಕೆ 60 ಸೇರಿ 131. ಅದರಲ್ಲಿ ಫುರೀನಾಗೆ ಹೆಚ್ಚೆಂದರೆ 68. ಕೈಯಲ್ಲಿ 63 ಉಳಿಯುತ್ತವೆ.

ಅರ್ಲೆಕ್ಕಿನೊ ಪರವಾಗಿಯೂ ಒಂದು ಮಾತು ಹೇಳಲೇಬೇಕು. ಆಟ ಇರುವುದು ಸಂತೋಷಕ್ಕೆ. ಕಣ್ಣೆದುರಿನ ಪಾತ್ರ ಅಷ್ಟು ಇಷ್ಟವಾದರೆ ತಂದುಕೊಳ್ಳುವುದು ತಪ್ಪಲ್ಲ, ಅವಳು ಬಲಶಾಲಿ ಅನ್ನುವ ಗೆಳೆಯರ ಮಾತೂ ಸುಳ್ಳಲ್ಲ. ಆದರೆ "ನಿಜವಾಗಿ ಬೇಕಿರುವುದು ಫುರೀನಾ" ಅಂತ ಬರೆದವರು ನೀವು, ಗೆಳೆಯರಲ್ಲ.

ಇಬ್ಬರೂ ಇದ್ದರೆ ಒಂದೇ ತಂಡದಲ್ಲಿ ಆಡಿಸೋಣ ಅನ್ನುವ ಯೋಚನೆಯೂ ಇದ್ದರೆ ಇದನ್ನು ಗಮನಿಸಿ. ಫುರೀನಾಳ ಶಕ್ತಿ ಇಡೀ ತಂಡದ ಎಚ್‌ಪಿ, ಅಂದರೆ ಪ್ರಾಣಶಕ್ತಿ, ಇಳಿಯುತ್ತ ಏರುತ್ತ ಇರುವುದರಲ್ಲಿದೆ. ಅವಳ ಮೂವರು ಸಹಚರರು ತಂಡದವರ ರಕ್ತ ಹೀರುತ್ತಾರೆ, ಇನ್ನೊಬ್ಬರು ಅದನ್ನು ತುಂಬಬೇಕು. ಆ ಏರಿಳಿತವೇ ಫ್ಯಾನ್‌ಫೇರ್ ಆಗಿ ಎಲ್ಲರ ಹೊಡೆತವನ್ನು ಹೆಚ್ಚಿಸುತ್ತದೆ. ಅರ್ಲೆಕ್ಕಿನೊ ಇದಕ್ಕೆ ತದ್ವಿರುದ್ಧ. ಯುದ್ಧದ ನಡುವೆ ಬರ್ಸ್ಟ್ ಅನ್ನುವ ತನ್ನ ವಿಶೇಷ ದಾಳಿ ಬಿಟ್ಟು ಬೇರೆ ಯಾರಿಂದಲೂ ಅವಳು ಗುಣವಾಗುವುದಿಲ್ಲ. ಒಂದೇ ತಂಡದಲ್ಲಿ ಇಟ್ಟರೆ ಫುರೀನಾಗೆ ಬೇಕಾದ ಏರಿಳಿತದಲ್ಲಿ ಒಂದು ಪಾಲು ಕಟ್ಟಿಹೋಗುತ್ತದೆ. ಗುಣಪಡಿಸುವ ಪಾತ್ರ ಬೆನೆಟ್ ಇದ್ದಾನಲ್ಲ ಅನ್ನಬೇಡಿ, ಅವನು ಗುಣಪಡಿಸುವುದು ಕಣದಲ್ಲಿ ನಿಂತವರನ್ನು ಮಾತ್ರ. ಫುರೀನಾಗೆ ಬೇಕಾದದ್ದು ಒಂದೇ ಏಟಿಗೆ ನಾಲ್ವರನ್ನೂ ಗುಣಪಡಿಸುವವರು. ಅಂಥವರಲ್ಲಿ ಆಟಗಾರರು ಮೊದಲಿಗೆ ಹೇಳುವ ಹೆಸರುಗಳಲ್ಲಿ ಒಂದು ಜೀನ್! ಅವಳ ಬರ್ಸ್ಟ್ ಒಂದೇ ಸಲ ತಂಡವನ್ನೆಲ್ಲ ಮೇಲೆತ್ತುತ್ತದೆ. ನೀವು ಬೈದುಕೊಂಡ ಜೀನ್ ನಿಮಗೆ ಗ್ಯಾರಂಟಿಯನ್ನೂ ಕೊಟ್ಟಳು, ಫುರೀನಾ ತಂಡದ ಅರ್ಧವನ್ನೂ ಕಟ್ಟಿಕೊಟ್ಟಳು.

ಬ್ಯಾನರಿನ ಟೆಸ್ಟ್ ರನ್ ಆಡಿ ಮನಸ್ಸು ಬದಲಾಯಿಸಬೇಡಿ. ಅಲ್ಲಿ ಕೊಡುವ ಪಾತ್ರಕ್ಕೆ ಆಯುಧ, ಶಕ್ತಿ ಹೆಚ್ಚಿಸುವ ಆರ್ಟಿಫ್ಯಾಕ್ಟ್, ಹೊಂದುವ ತಂಡ ಎಲ್ಲವೂ ಸಿದ್ಧವಾಗಿರುತ್ತವೆ. ನಿಮ್ಮ ಕೈಗೆ ಬರುವವಳು ಲೆವೆಲ್ ಒಂದರಲ್ಲಿರುತ್ತಾಳೆ. ಲೆವೆಲ್ 90ಕ್ಕೆ ಒಯ್ಯಲು ಹೀರೋಸ್ ವಿಟ್ ಅನ್ನುವ ಅನುಭವದ ಪುಸ್ತಕ 419, 168 ಸ್ಥಳೀಯ ಗಿಡ ಅಥವಾ ಹೂವು, 46 ಬಾಸ್ ಸಾಮಗ್ರಿ, 20 ಲಕ್ಷಕ್ಕೂ ಹೆಚ್ಚು ಮೊರಾ, ಅಂದರೆ ಆಟದ ನಾಣ್ಯ. ಪಾತ್ರದ ಕೌಶಲಗಳಲ್ಲಿ, ಅಂದರೆ ಟ್ಯಾಲೆಂಟ್‌ಗಳಲ್ಲಿ, ಒಂದೇ ಒಂದನ್ನು 10ಕ್ಕೆ ಏರಿಸಲು ಮೇಲ್ದರ್ಜೆಯ ಪುಸ್ತಕ 38, ಒಂದು ಕಿರೀಟ, ಮತ್ತೆ 16 ಲಕ್ಷದಷ್ಟು ಮೊರಾ. ಇಂಥ ಸಾಮಗ್ರಿ ಪಡೆಯಲು ಖರ್ಚು ಮಾಡಬೇಕಾದ ರೆಸಿನ್ ತುಂಬುವುದು ಎಂಟು ನಿಮಿಷಕ್ಕೊಂದು, ದಿನಕ್ಕೆ 180. ಬಾಸ್, ಅಂದರೆ ದೊಡ್ಡ ಶತ್ರು, ಒಂದಕ್ಕೆ 40 ರೆಸಿನ್, ಬರುವುದು ಎರಡೋ ಮೂರೋ. 46 ಆಗಲು ಸುಮಾರು 18 ಸಲ ಹೊಡೆಯಬೇಕು, ನಾಲ್ಕು ದಿನದ ರೆಸಿನ್ ಬರೀ ಅದಕ್ಕೇ. ಆತುರದಲ್ಲಿ ತಂದ ಎಷ್ಟೋ ಫೈವ್‌ಸ್ಟಾರ್‌ಗಳು ಲೆವೆಲ್ 20ರಲ್ಲಿ ಧೂಳು ಹಿಡಿದು ಕೂರುವುದು ಇದರಿಂದಲೇ.

ಆಯುಧದ ಬ್ಯಾನರ್ ಕಡೆ ತಿರುಗಿಯೂ ನೋಡಬೇಡಿ. 5.0ರ ನಂತರ ನಿಯಮ ಸಡಿಲಾಗಿದ್ದರೂ ಆರಿಸಿದ ಆಯುಧಕ್ಕೆ ಹೆಚ್ಚೆಂದರೆ 160 ವಿಶ್, ಅಂದರೆ 25,600 ಪ್ರಿಮೊ ಬೇಕಾಗಬಹುದು. ಫುರೀನಾಗೆ ಆಟದೊಳಗಿನ ಫಾಂಟೇನ್ ನಾಡಿನಲ್ಲಿ ಮೀನು ಹಿಡಿದು ಕೊಟ್ಟರೆ ಸಿಗುವ ಫ್ಲೂವ್ ಸಾಂದ್ರ್ ಫೆರಿಮನ್ ಕತ್ತಿ ಧಾರಾಳ ಸಾಕು. ಅರ್ಲೆಕ್ಕಿನೊಗೂ ತ್ರೀಸ್ಟಾರ್ ಈಟಿ ವೈಟ್ ಟ್ಯಾಸೆಲ್ ಸಾಕಾಗುತ್ತದೆ.

"ಇಷ್ಟು ಸಲ ಬಂದಿಲ್ಲ, ಇನ್ನು ಬರಲೇಬೇಕು" ಅನ್ನುವ ಭಾವನೆಯ ಬಗ್ಗೆ ಒಂದಿಷ್ಟು ಹೇಳಬೇಕು, ಜನ ಜಾರಿಬೀಳುವುದು ಇಲ್ಲೇ. ಪಿಯುಸಿಯಲ್ಲಿ ಸಂಭವನೀಯತೆ ಅಂತ ಚೀಲದಿಂದ ಕೆಂಪು ಚೆಂಡು, ನೀಲಿ ಚೆಂಡು ತೆಗೆಸುತ್ತೇವೆ. ತೆಗೆದ ಚೆಂಡನ್ನು ವಾಪಸ್ ಹಾಕಿದರೆ ಚೀಲಕ್ಕೆ ಹಿಂದಿನದು ನೆನಪಿರುವುದಿಲ್ಲ. ಗೆನ್ಶಿನ್ ಚೀಲಕ್ಕೆ ನೆನಪಿದೆ. ಸೊನ್ನೆಯಿಂದ ಹೊರಟ 100 ಜನರಲ್ಲಿ 64 ಮಂದಿ 73 ವಿಶ್ ಆದ ಮೇಲೂ ಖಾಲಿ ಕೈಯಲ್ಲಿರುತ್ತಾರೆ. 74ರಿಂದ ಸಾಧ್ಯತೆ ಪ್ರತಿ ವಿಶ್‌ಗೂ ಸುಮಾರು ಶೇ. 6ರಂತೆ ಏರುತ್ತದೆ. ಇದು ಕಂಪನಿ ಬರೆದುಕೊಟ್ಟದ್ದಲ್ಲ, ಆಟಗಾರರು ತಮ್ಮ ತಮ್ಮ ದಾಖಲೆ ಒಟ್ಟುಹಾಕಿ ಕಂಡುಕೊಂಡದ್ದು. ಹಾಗಾಗಿ 77ರ ಹೊತ್ತಿಗೆ ಉಳಿದವರಲ್ಲಿ ಅರ್ಧ ಜನಕ್ಕೆ ಬಂದಿರುತ್ತದೆ, 80 ದಾಟುವವರು ಕಡಿಮೆ. ಲಾಟರಿಯಲ್ಲಿ ಸುಳ್ಳಾದ ಮಾತು ಇಲ್ಲಿ ನಿಜ. ನಿಜ ಆಗಿರುವುದರಿಂದಲೇ ಅಪಾಯ. 60ರಲ್ಲಿ ಪ್ರಿಮೊ ಮುಗಿದವನಿಗೆ "ಇನ್ನು ಹದಿನೈದೇ" ಅನ್ನಿಸುತ್ತದೆ, ಕಾರ್ಡ್ ಹೊರಗೆ ಬರುತ್ತದೆ. 60 ಅನ್ನುವುದು ಮುಂದಿನ ಬ್ಯಾನರಿಗೂ 60 ಆಗಿಯೇ ಇರುತ್ತದೆ ಅಂತ ಆ ಹೊತ್ತಿನಲ್ಲಿ ಯಾರೂ ಕಿವಿಯಲ್ಲಿ ಹೇಳುವುದಿಲ್ಲ.

ಈ ಮಿತಿಗಳೂ ಸುಮ್ಮನೆ ಬಂದದ್ದಲ್ಲ. ಜಪಾನಿನಲ್ಲಿ ನಾಣ್ಯ ಹಾಕಿ ತಿರುಗಿಸಿದರೆ ಗೊಂಬೆಯ ಡಬ್ಬಿ ಬೀಳುವ ಪೆಟ್ಟಿಗೆಗಳಿಂದ ಇಂಥ ಆಟಗಳಿಗೆ ಗಾಚಾ ಅನ್ನುವ ಹೆಸರು ಬಂತು. ಫೋನಿಗೆ ಬಂದ ಮೇಲೆ, ಒಂದು ಗುಂಪಿನ ಎಲ್ಲ ಚೀಟಿ ಕೂಡಿಸಿದರಷ್ಟೇ ದೊಡ್ಡ ಬಹುಮಾನ ಅನ್ನುವ ಕೊಂಪು ಗಾಚಾ (ಕಂಪ್ಲೀಟ್ ಗಾಚಾ) ಹುಟ್ಟಿತು. 2012ರಲ್ಲಿ ಅಲ್ಲಿನ ಗ್ರಾಹಕ ವ್ಯವಹಾರ ಇಲಾಖೆ ಅದು ಕಾನೂನುಬಾಹಿರ ಎಂದಿತು. 2016ರ ಹೊಸವರ್ಷದ ಹೊತ್ತಿಗೆ ಗ್ರಾನ್‌ಬ್ಲೂ ಫ್ಯಾಂಟಸಿ ಅನ್ನುವ ಜಪಾನಿ ಆಟದಲ್ಲಿ ಅಂಚಿರಾ ಅನ್ನುವ ಪಾತ್ರಕ್ಕಾಗಿ ಒಬ್ಬ ಆಟಗಾರ ಜನರೆದುರು ನೇರಪ್ರಸಾರದಲ್ಲಿ 2,276 ಸಲ ಎಳೆದ. ಖರ್ಚು ಏಳು ಲಕ್ಷ ಯೆನ್‌ಗೆ ಹತ್ತಿರ. ಆ ಗದ್ದಲದ ನಂತರವೇ 300 ಎಳೆತಕ್ಕೆ ಬೇಕಾದದ್ದನ್ನು ಆರಿಸಿಕೊಳ್ಳುವ ಮಿತಿ ಬಂತು. ಜಪಾನೀಯರು ಇದನ್ನು ತೆಂಜೊ, ಸೂರು, ಅನ್ನುತ್ತಾರೆ. ನಿಮ್ಮ 90 ಕೂಡ ಅಂಥದೇ ಒಂದು ಸೂರು. ಅದರ ಕೆಳಗೆ ಇರುವಾಗ ಲೆಕ್ಕ ಹಾಕದೆ ನಡೆಯುವುದು ನನಗೆ ಸಹಿಸಲಾಗದ ವಿಷಯ.

ಇನ್ನೂ ಸಹಿಸಲಾಗದ್ದು ಬೆಲೆ ಮುಚ್ಚಿಡುವ ಪರಿ. ರೂಪಾಯಿ ಕೊಟ್ಟು ಜೆನಿಸಿಸ್ ಕ್ರಿಸ್ಟಲ್, ಅದರಿಂದ ಪ್ರಿಮೊಜೆಮ್, ಅದರಿಂದ ಫೇಟ್, ಅದರಿಂದ ವಿಶ್. ನಾಲ್ಕು ಮೆಟ್ಟಿಲು ಇಳಿಯುವಷ್ಟರಲ್ಲಿ ಕೊಟ್ಟದ್ದೆಷ್ಟು ಅನ್ನುವುದು ಮರೆತಿರುತ್ತದೆ. ಕ್ರಿಸ್ಟಲ್ ಕಟ್ಟುಗಳ ಗಾತ್ರ ನೋಡಿ: 60, 300, 980, 1980, 3280, 6480. ಬೋನಸ್ ಬಿಟ್ಟರೆ ಒಂದನ್ನಾದರೂ 160ರಿಂದ ಸರಿಯಾಗಿ ಭಾಗಿಸಲು ಬರುವುದಿಲ್ಲ. 980 ಕೊಂಡರೆ 6 ವಿಶ್ ಆಗಿ 20 ಉಳಿಯುತ್ತದೆ, 6480 ಕೊಂಡರೆ 40 ಆಗಿ 80 ಉಳಿಯುತ್ತದೆ. ಆ ಚಿಲ್ಲರೆಯೇ ಮುಂದಿನ ಖರೀದಿಗೆ ಕರೆಯುತ್ತದೆ. 2025ರ ಜನವರಿಯಲ್ಲಿ ಅಮೆರಿಕದ ಫೆಡರಲ್ ಟ್ರೇಡ್ ಕಮಿಷನ್ ಗೆನ್ಶಿನ್ ಕಂಪನಿಯ ಮೇಲೆ ಇದೇ ಗೊಂದಲದ ಕರೆನ್ಸಿಯನ್ನು, ಮಕ್ಕಳಿಗೆ ಸಾಧ್ಯತೆಯನ್ನು ಮರೆಮಾಚಿದ್ದನ್ನು ಆರೋಪಿಸಿತು. ಕಂಪನಿ ಬಹಳಷ್ಟು ಆರೋಪ ಒಪ್ಪದೆಯೂ 2 ಕೋಟಿ ಡಾಲರ್ ಕಟ್ಟಿ ರಾಜಿ ಮಾಡಿಕೊಂಡಿತು. ಹೆತ್ತವರ ಒಪ್ಪಿಗೆ ಇಲ್ಲದೆ 16ರ ಒಳಗಿನವರಿಗೆ ಇಂಥ ಅದೃಷ್ಟದ ಎಳೆತ ಮಾರುವಂತಿಲ್ಲ ಅನ್ನುವುದೂ ಆ ರಾಜಿಯಲ್ಲಿದೆ. ಚೀನಾ 2017ರಿಂದಲೇ, ದಕ್ಷಿಣ ಕೊರಿಯಾ 2024ರಿಂದ ಸಾಧ್ಯತೆ ಪ್ರಕಟಿಸುವುದನ್ನು ಕಡ್ಡಾಯ ಮಾಡಿವೆ.

ನಮ್ಮಲ್ಲಿ? 2007ರಲ್ಲಿ ಕರ್ನಾಟಕ ಲಾಟರಿ ನಿಲ್ಲಿಸಿತು, ನಿಲ್ಲಿಸಿದ್ದು ಸರಿ. ಆದರೆ ಆ ಹಳೆಯ ಚೀಟಿಯ ಮುಖದ ಮೇಲೆ ಬೆಲೆ, ಡ್ರಾ ದಿನಾಂಕ, ಬಹುಮಾನದ ಮೊತ್ತ ಮುದ್ರಿಸಿರುತ್ತಿದ್ದರು. ಆನ್‌ಲೈನ್ ಆಟದ ಬಗ್ಗೆ 2021ರ ರಾಜ್ಯದ ತಿದ್ದುಪಡಿ, 2022ರಲ್ಲಿ ಹೈಕೋರ್ಟ್ ಅದರ ಮುಖ್ಯ ಕಲಮುಗಳನ್ನು ರದ್ದುಮಾಡಿದ್ದು, 2025ರ ಕೇಂದ್ರ ಕಾಯ್ದೆ, ಇವೆಲ್ಲದರ ಚರ್ಚೆ ರಮ್ಮಿ, ಫ್ಯಾಂಟಸಿ ಕ್ರಿಕೆಟ್ ಸುತ್ತವೇ ತಿರುಗಿತು. ಗಾಚಾದಲ್ಲಿ ಗೆದ್ದದ್ದನ್ನು ಹಣ ಮಾಡಿಕೊಳ್ಳಲು ಬರುವುದಿಲ್ಲ, ಆದ್ದರಿಂದ ಯಾರ ಕಣ್ಣಿಗೂ ಬೀಳಲಿಲ್ಲ. ನಮ್ಮ ಪತ್ರಿಕೆಗಳೋ, ಮೊಬೈಲ್ ಚಟ ಅಂತ ಒಂದು ಬೈಗುಳ ಬರೆದು ಕೈತೊಳೆದುಕೊಳ್ಳುತ್ತವೆ. ಶೇ. 0.6 ಅಂದರೆ ಏನು, 60 ವಿಶ್‌ಗೆ ಎಷ್ಟು ಅಂತ ಕನ್ನಡದಲ್ಲಿ ಹೇಳಿಕೊಡುವವರು ಬೇಕು. ಪಿಯುಸಿ ಪುಸ್ತಕದ ಚೆಂಡುಗಳ ಪಕ್ಕದಲ್ಲಿ ಒಂದು ಬ್ಯಾನರಿನ ಲೆಕ್ಕ ಕೊಟ್ಟರೆ ಹಿಂದಿನ ಬೆಂಚಿನವರೂ ತಲೆ ಎತ್ತುತ್ತಾರೆ.

ನಿಮ್ಮ ವಿಷಯಕ್ಕೆ ಬರುತ್ತೇನೆ. ಅರ್ಲೆಕ್ಕಿನೊ ಸ್ಕಿಪ್ ಮಾಡಿ. ಫೋರ್‌ಸ್ಟಾರ್ ಆಸೆಗೆ "ಹತ್ತೇ ಹತ್ತು" ಅಂತಲೂ ಕೈ ಹಾಕಬೇಡಿ, ಆ ಹತ್ತರಲ್ಲಿ ಫೈವ್‌ಸ್ಟಾರ್ ಬರುವ ಸಾಧ್ಯತೆ ನೂರಕ್ಕೆ 6, ಬಂದರೆ ಗ್ಯಾರಂಟಿ ಅಲ್ಲೇ ಹೋಯಿತು. ಪ್ರಿಮೊ ಕೊಟ್ಟು ರೆಸಿನ್ ತುಂಬಿಸಬೇಡಿ, ಸ್ಟ್ಯಾಂಡರ್ಡ್ ಬ್ಯಾನರಿಗೆ ಬಳಸುವ ಅಕ್ವೈಂಟ್ ಫೇಟ್ ಕೊಳ್ಳಬೇಡಿ. ಫುರೀನಾ ಬಂದ ದಿನ 70ರವರೆಗೆ ಹತ್ತರಂತೆ ಹೋಗಿ, ಆಮೇಲೆ ಒಂದೊಂದೇ ಮಾಡಿ, ಬಂದ ಕೂಡಲೇ ನಿಲ್ಲಿಸಿ. ಅಲ್ಲಿಯವರೆಗೆ ಮಂಗಳವಾರ, ಶುಕ್ರವಾರ, ಭಾನುವಾರ ಫಾಂಟೇನಿನ ಡೊಮೇನ್ ಅನ್ನುವ ಕಾದಾಟದ ತಾಣದಲ್ಲಿ ಅವಳ ಟ್ಯಾಲೆಂಟಿಗೆ ಬೇಕಾದ ಜಸ್ಟಿಸ್ ಪುಸ್ತಕಗಳು ಸಿಗುತ್ತವೆ. ಅವಳಿಗೆ ಲೇಕ್‌ಲೈಟ್ ಲಿಲಿ ಹೂವು 168 ಬೇಕು, ಕಿತ್ತ ಜಾಗದಲ್ಲಿ ಮತ್ತೆ ಅರಳಲು ಎರಡು ದಿನ ಬೇಕಾಗುತ್ತದೆ. ಈ ವಾರವೇ ಎರಿನ್ಯೆಸ್ ಕಾಡಿನಿಂದ ಶುರುಮಾಡಿ.