ವಯಸ್ಕರ ಚಿತ್ರಗಳಿಗೆ ಮುರಿದ ಸಂಸಾರದ ಕಥೆ ಏಕೆ ಬೇಕು?

ಪ್ರಶ್ನೆ: ವಯಸ್ಕರಿಗೆಂದೇ ತಯಾರಾಗುವ ಚಿತ್ರಗಳಲ್ಲೂ ಪ್ರೇಮ, ಹಳಸಿದ ದಾಂಪತ್ಯ, ಅಗಲಿಕೆಯ ಕಥೆಗಳಿರುತ್ತವೆ ಎಂದು ಓದಿದ್ದೇನೆ. ನೋಡುವವರು ಕಥೆಗಾಗಿ ಬರುವುದಿಲ್ಲವೆಂದ ಮೇಲೆ ಇವನ್ನೇಕೆ ಸೇರಿಸುತ್ತಾರೆ? ಇವುಗಳಲ್ಲಿ ನಿಜ ಸಂಸಾರದ ಕಷ್ಟವೇನಾದರೂ ಇರುತ್ತದೆಯೇ?
– ಓದುಗರೊಬ್ಬರು, ಶಿವಮೊಗ್ಗ

ಉತ್ತರ: ನಿಮ್ಮ ಪ್ರಶ್ನೆಗೆ ಜಪಾನಿನ ನಿಕ್ಕಾತ್ಸು ಸಂಸ್ಥೆಯ ಉದಾಹರಣೆ ಚೆನ್ನಾಗಿ ಹೊಂದುತ್ತದೆ. 1912ರಲ್ಲಿ ಆರಂಭವಾದ ಈ ಹಳೆಯ ಸಂಸ್ಥೆ, ಟೆಲಿವಿಷನ್ ಹಾವಳಿಯಿಂದ ಪ್ರೇಕ್ಷಕರನ್ನು ಕಳೆದುಕೊಂಡು ಮುಳುಗುವ ಸ್ಥಿತಿ ತಲುಪಿದಾಗ, 1971ರ ನವೆಂಬರ್‌ನಲ್ಲಿ ‘ರೋಮನ್ ಪೋರ್ನೊ’ ಎಂಬ ಹೆಸರಿನಲ್ಲಿ ವಯಸ್ಕರ ಚಿತ್ರಗಳನ್ನು ತೆಗೆಯಲು ಆರಂಭಿಸಿ, 1988ರವರೆಗೆ ಸುಮಾರು 1,100 ಚಿತ್ರಗಳನ್ನು ಹೊರತಂದಿತು. ಚಿತ್ರದ ಅವಧಿ ಸುಮಾರು 70 ನಿಮಿಷ. ಹತ್ತು ನಿಮಿಷಕ್ಕೊಮ್ಮೆಯಾದರೂ ಶೃಂಗಾರದ ದೃಶ್ಯವೊಂದು ಬರಬೇಕು. ಉಳಿದದ್ದು ನಿರ್ದೇಶಕರ ಇಷ್ಟಕ್ಕೆ ಬಿಟ್ಟದ್ದು.

ಈ ಲೆಕ್ಕಾಚಾರದಲ್ಲೇ ನಿಮಗೆ ಉತ್ತರ ಸಿಗುತ್ತದೆ. ಅನ್ಯೋನ್ಯವಾಗಿರುವ ದಂಪತಿಯನ್ನು ಇಟ್ಟುಕೊಂಡರೆ ಎರಡನೆಯ ದೃಶ್ಯದ ಹೊತ್ತಿಗೆ ಕಥೆ ನಿಂತುಹೋಗುತ್ತದೆ. ಗಂಡ ಹೆಂಡಿರ ನಡುವೆ ಬಿರುಕು ಬಿಟ್ಟರೆ ಮೂರನೆಯವರು ಬರುತ್ತಾರೆ, ಗುಟ್ಟು ಹುಟ್ಟುತ್ತದೆ, ಅನುಮಾನ ಬೆಳೆಯುತ್ತದೆ. ಮುಂದಿನ ದೃಶ್ಯಕ್ಕೆ ಬೇರೆ ಕಾರಣ ಹುಡುಕಬೇಕಾಗುವುದಿಲ್ಲ. ಸರಣಿಯ ಮೊದಲ ಚಿತ್ರದ ನಾಯಕಿ ನಗರದ ವಸತಿ ಸಮುಚ್ಚಯದಲ್ಲಿ ವಾಸಿಸುವ ಗೃಹಿಣಿ. 1955ರಲ್ಲಿ ಸ್ಥಾಪನೆಯಾದ ವಸತಿ ನಿಗಮವು ಸಾಲುಸಾಲಾಗಿ ಕಟ್ಟಿಸಿದ ಕಾಂಕ್ರೀಟ್ ಕಟ್ಟಡಗಳು ಆಗಿನ ಜಪಾನಿನ ಮಧ್ಯಮ ವರ್ಗಕ್ಕೆ ಹೊಸ ಬದುಕಿನ ಗುರುತಾಗಿದ್ದವು. ಕೆಲಸದಲ್ಲೇ ಮುಳುಗಿದ ಗಂಡ, ಹಗಲೆಲ್ಲ ಒಂಟಿಯಾಗಿ ಬೇಸರಪಡುವ ಹೆಂಡತಿ, ಅವಳ ವಿವಾಹೇತರ ಸಂಬಂಧ, ಅದನ್ನೇ ಹಿಡಿದು ಬೆದರಿಸುವ ನೆರೆಮನೆಯವಳು – ಇಷ್ಟರಿಂದಲೇ ಕಥೆ ಸಾಗುತ್ತದೆ. ಈ ಜಾಡಿನಲ್ಲಿ ಮತ್ತೆ ಮತ್ತೆ ಚಿತ್ರಗಳು ಬಂದವೆಂದರೆ ಅದು ಎಷ್ಟು ಓಡಿತೆಂದು ಊಹಿಸಬಹುದು.

ನಿಜ ಸಂಸಾರದ ಅಂಶ ಇಲ್ಲದಿಲ್ಲ. ಆ ಒಂಟಿತನ ಸುಳ್ಳಲ್ಲ. ಪ್ರೇಕ್ಷಕರ ಪೈಕಿ ಎಷ್ಟೋ ಗಂಡಂದಿರು ತಾವೇ ತಡರಾತ್ರಿ ಮನೆಗೆ ಮರಳುತ್ತಿದ್ದವರು. ಆದರೆ ಕಷ್ಟವನ್ನು ನಿಜದಿಂದ ಎತ್ತಿಕೊಂಡು, ಪರಿಹಾರವನ್ನು ಮಾತ್ರ ವ್ಯಾಪಾರಕ್ಕೆ ತಕ್ಕಂತೆ ಹೊಂದಿಸುತ್ತಾರೆ. ದಂಪತಿ ಕುಳಿತು ಮಾತನಾಡುವುದು, ಮಕ್ಕಳ ಗತಿಯೇನೆಂದು ಯೋಚಿಸುವುದು, ಬೇರೆಯಾದ ಮೇಲೆ ಬಾಡಿಗೆ ಯಾರು ಕಟ್ಟಬೇಕೆಂಬ ಚಿಂತೆ ಇವೆಲ್ಲ ಹತ್ತು ನಿಮಿಷದ ಗಡುವಿನೊಳಗೆ ಹಿಡಿಸುವುದಿಲ್ಲ. ಇನ್ನೂ ಆಕ್ಷೇಪಾರ್ಹವಾದದ್ದೆಂದರೆ, ಬಲಾತ್ಕಾರವನ್ನೇ ಕ್ರಮೇಣ ಒಪ್ಪಿಗೆಯಾಗಿ ತಿರುಗಿಸುವ ಕಥೆಗಳು ಈ ಸರಣಿಯಲ್ಲಿ ಕಡಿಮೆಯೇನಿರಲಿಲ್ಲ. ಕಲಾತ್ಮಕತೆಯ ಹೆಸರಿನಲ್ಲಿ ವಿಮರ್ಶಕರು ಅದನ್ನು ಮನ್ನಿಸಿದರೂ ನಾನು ಮನ್ನಿಸಲಾರೆ.

1980ರ ದಶಕದಲ್ಲಿ ವಿಡಿಯೊ ಕ್ಯಾಸೆಟ್ ಮನೆಮನೆಗೆ ಬಂದ ಮೇಲೆ, ಗುಂಡಿಯೊತ್ತಿ ಕಥೆಯನ್ನು ಓಡಿಸಿಬಿಡುವ ಸೌಲಭ್ಯ ನೋಡುಗನ ಕೈಗೇ ಸಿಕ್ಕಿತು. ನಿಕ್ಕಾತ್ಸುವಿನ ಸರಣಿ ನಿಂತದ್ದಕ್ಕೆ ಅಗ್ಗದ ವಿಡಿಯೊ ಚಿತ್ರಗಳ ಪೈಪೋಟಿಯೇ ಮುಖ್ಯ ಕಾರಣ. ಅದೇ ದಶಕದಲ್ಲಿ, 1984ರಲ್ಲಿ, ಅಮೆರಿಕದ ನಟಿ ಕ್ಯಾಂಡಿಡಾ ರಾಯಲ್ ಅವರು ಫೆಮ್ ಪ್ರೊಡಕ್ಷನ್ಸ್ ಎಂಬ ಸಂಸ್ಥೆ ಆರಂಭಿಸಿ, ಹೆಣ್ಣಿನ ದೃಷ್ಟಿಯಿಂದ, ದಂಪತಿಗಳು ಜೊತೆಯಾಗಿ ನೋಡುವಂತಹ ಚಿತ್ರಗಳನ್ನು ತಯಾರಿಸಿದರು. ಹಾಗಾಗಿ ಕಥೆ ಯಾರಿಗೂ ಬೇಡವೆಂಬ ನಿಮ್ಮ ಊಹೆಯನ್ನು ಎಲ್ಲ ನೋಡುಗರಿಗೂ ಅನ್ವಯಿಸುವಂತಿಲ್ಲ.