ಗಾಡಿ ಒಯ್ದರೆ ಮೊದಲು ಕೇಳಬೇಕಾದ್ದು ಪಟ್ಟಿ

ಬೀದಿಬದಿ ವ್ಯಾಪಾರಿಗಳ ಸರ್ವೆಯಲ್ಲಿ ಹೆಸರಿದ್ದರೂ ವ್ಯಾಪಾರದ ಪ್ರಮಾಣಪತ್ರ ಬಂದಿಲ್ಲ, ಪಾಲಿಕೆಯವರು ಅಮ್ಮನ ಮಾವಿನಹಣ್ಣಿನ ಗಾಡಿ ಒಯ್ದಿದ್ದು ಸರಿಯೇ ಎಂದು ಕೇಳಿದ್ದೀರಿ. ಖಂಡಿತ ಸರಿಯಲ್ಲ. 2014ರ ಬೀದಿಬದಿ ವ್ಯಾಪಾರಿಗಳ ಕಾಯ್ದೆಯ 3(3)ನೇ ಕಲಂ ಪ್ರಕಾರ, ಸರ್ವೆ ಮುಗಿದು ಎಲ್ಲರಿಗೂ ಪ್ರಮಾಣಪತ್ರ ಕೊಡುವವರೆಗೆ ಯಾರನ್ನೂ ಎಬ್ಬಿಸುವಂತಿಲ್ಲ. ಆಮೇಲೂ 30 ದಿನಗಳ ನೋಟಿಸ್ ಬೇಕು.

ಈಗ ತುರ್ತಾಗಿ 19ನೇ ಕಲಂ ಹಿಡಿಯಿರಿ. ಒಯ್ದ ಸಾಮಾನಿನ ಪಟ್ಟಿಗೆ ಅಧಿಕಾರಿ ಸಹಿ ಹಾಕಿ ಪ್ರತಿ ಕೊಡಲೇಬೇಕು. ಹಣ್ಣು ಕೊಳೆಯುವ ಮಾಲು, ಕೇಳಿದ ದಿನವೇ ಬಿಡಬೇಕು. ಗಾಡಿ, ತಕ್ಕಡಿಗೆ ಎರಡು ಕೆಲಸದ ದಿನ. ಬಹಳ ಜನ ಎಡವುವುದು ಇಲ್ಲೇ: ಬಾಯಿಮಾತಲ್ಲಿ ಕೇಳಿ ಬರುತ್ತಾರೆ, ಗಡುವು ಎಣಿಸಲು ದಾಖಲೆಯೇ ಇರುವುದಿಲ್ಲ. “ನಾಲ್ಕು ಕ್ರೇಟ್ ಮಾವು, ಒಂದು ತಕ್ಕಡಿ” ಎಂದು ಬಿಡಿಸಿ ಅರ್ಜಿ ಬರೆದು, ನಿಮ್ಮ ಪ್ರತಿಯ ಮೇಲೆ ದಿನಾಂಕದ ಸಮೇತ ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ. ಸಾಮಾನು ಬಿಡಿಸಿಕೊಳ್ಳಲು ಶುಲ್ಕ ಕಟ್ಟಿದರೆ ರಸೀದಿ ಇಲ್ಲದೆ ಕದಲಬೇಡಿ.